ಬಲ್ಲವರು ಹೇಳುವಂತೆ

ಮಗಳು ನೆಲದ ಮೇಲೆ ಬೋರಲು ಮಲಗಿ, ಮಂಚದ ಕೆಳಗೆ ತೋಳನ್ನು ಹೆಗಲಿನವರೆಗೂ ತೂರಿಸಿ, ತಗಡಿನ ಪೆಟ್ಟಿಗೆಯ ಹಿಡಿಯನ್ನು ಬೆರಳ ತುದಿಯಲ್ಲಿ ಎಳೆಯುತ್ತಿದ್ದಳು. ಪೆಟ್ಟಿಗೆ ಅರ್ಧ ಅಡಿ ಸರಿದು ಕಿರ್ರೆಂದಿತು. ಅವಳು ಉಸಿರು ಬಿಗಿಹಿಡಿದು ಕಿವಿಗೊಟ್ಟಳು. ಮುಂದಿನ ಕೋಣೆಯಲ್ಲಿ ಅಪ್ಪನನ್ನು ಮಲಗಿಸಿದ್ದರು. ಅಲ್ಲಿ ಬಾಡಿಗೆ ಕುರ್ಚಿಗಳನ್ನು ಬಿಡಿಸಿ ಹಾಕುವ ಸದ್ದು ಇನ್ನೂ ನಡೆದಿತ್ತು. ಸದ್ಯ, ಯಾರಿಗೂ ಕೇಳಿಸಿರಲಾರದು ಎಂದುಕೊಂಡಳು.

“ಏನೇ ಹುಡುಕ್ತಿದ್ದೀಯ?”

ಬಾಗಿಲಲ್ಲಿ ಅತ್ತೆ ನಿಂತಿದ್ದಳು. ಅಪ್ಪನ ಅಕ್ಕ, ಎಪ್ಪತ್ತೆಂಟು ತುಂಬಿದರೂ ಹೆಜ್ಜೆ ಸದ್ದೇ ಇಲ್ಲದ ಹೆಂಗಸು.

“ಟವೆಲ್, ಅತ್ತೆ.”

“ಟವೆಲ್‌ನ ಪೆಟ್ಟಿಗೇಲಿಟ್ಟು ಬೀಗ ಹಾಕ್ತಾರಾ?”

ಮಗಳು ಎದ್ದು ಸೀರೆಯ ಧೂಳು ಕೊಡವಿಕೊಂಡಳು. ಪೆಟ್ಟಿಗೆಗೆ ಬೀಗ ಇರುವುದು ನಿಜ. ಕೀಲಿಗಾಗಿ ಬೆಳಗಿನಿಂದ ಅಪ್ಪನ ಮೇಜು, ಕೋಟಿನ ಜೇಬು, ಕನ್ನಡಕದ ಡಬ್ಬಿ ಎಲ್ಲವನ್ನೂ ಜಾಲಾಡಿ ಆಗಿತ್ತು. ಪೆಟ್ಟಿಗೆಗೆ ಬೀಗವಿದೆ ಎನ್ನುವುದು ಅತ್ತೆಗೆ ಹೇಗೆ ಗೊತ್ತು ಎಂಬ ಪ್ರಶ್ನೆ ಅವಳಿಗೆ ಆಗ ಹೊಳೆಯಲಿಲ್ಲ.

ಅಪ್ಪ ಒಂದು ವಾರಪತ್ರಿಕೆಯ ಪ್ರೆಸ್ಸಿನಲ್ಲಿ ಕರಡು ತಿದ್ದುವವನಾಗಿದ್ದ. ಮೂವತ್ತೈದು ವರ್ಷ ಬೇರೆಯವರ ತಪ್ಪು ಹುಡುಕಿದ. ಅದರ ಜೊತೆಗೇ, ನಿವೃತ್ತಿಯಾದ ಮೇಲೂ ಬಿಡದೆ, ಇಪ್ಪತ್ತೆರಡು ವರ್ಷ ನಾಲ್ಕನೇ ಪುಟದ ಕೆಳಮೂಲೆಯಲ್ಲಿ ‘ಮಾತಿನ ಮೂಲ’ ಎಂಬ ಹನ್ನೊಂದು ಸಾಲಿನ ಅಂಕಣ ಬರೆದ. ಜನ ದಿನಾ ಆಡುವ ನುಡಿಗಟ್ಟುಗಳು ಯಾವ ಕಾಲದಲ್ಲಿ, ಯಾವ ಸಂದರ್ಭದಲ್ಲಿ ಹುಟ್ಟಿದವು ಎಂಬ ಕಥೆ. ಪ್ರತಿ ವಾರವೂ ಅದು ‘ಬಲ್ಲವರು ಹೇಳುವಂತೆ’ ಎಂದೇ ಶುರುವಾಗುತ್ತಿತ್ತು. ಪ್ರೆಸ್ಸಿನಲ್ಲಿ ಅವನಿಗೆ ಮೂಲಪ್ಪ ಎಂದು ಅಡ್ಡಹೆಸರು. ಕೂರಲು ಮೆತ್ತನೆ ದಿಂಬು ಬೇಕೇ ಎಂದು ಕೇಳಿ ನಗುತ್ತಿದ್ದರು. ಅವನು ನಗದೆ, ಇದ್ದರೆ ಕೊಡಿ ಎನ್ನುತ್ತಿದ್ದ.

ಈಗ ಅವನ ಕಾಲ ದೆಸೆಯಲ್ಲಿ, ನೆಂಟರಿಗಿಂತ ಮುಂಚೆ ಬಂದು ಕೂತಿದ್ದವರು ನಿಘಂಟಿನ ಮೇಡಂ. ಅವರು ಸಂಪಾದಿಸುತ್ತಿದ್ದ ದೊಡ್ಡ ನಿಘಂಟಿನ ಕೊನೆಯ ಸಂಪುಟ, ನುಡಿಗಟ್ಟುಗಳದ್ದು, ಶುಕ್ರವಾರ ಅಚ್ಚಿಗೆ ಹೋಗಲಿತ್ತು. ಅದರಲ್ಲಿ ಅರವತ್ತೊಂದು ನುಡಿಗಟ್ಟುಗಳಿಗೆ ಅಪ್ಪನ ಅಂಕಣವೇ ಆಧಾರ. ಯಾರನ್ನು ಕೇಳಿದ್ದು, ಎಲ್ಲಿ, ಯಾವಾಗ ಎಂದು ಬರೆದ ಕಾರ್ಡುಗಳನ್ನು ತೋರಿಸಿದರೆ ಅರವತ್ತೊಂದರ ಕೆಳಗೂ ಅಪ್ಪನ ಹೆಸರು. ತೋರಿಸದಿದ್ದರೆ ಅಷ್ಟನ್ನೂ ಹೊಡೆದುಹಾಕುವುದು. ಮೂರು ವಾರದಿಂದ ಅವರು ಫೋನು ಮಾಡುತ್ತಲೇ ಇದ್ದರು. ಅಪ್ಪ ಪ್ರತಿ ಸಲವೂ, ಕಾರ್ಡು ಇವೆ, ನೋಡೋಣ ಎನ್ನುತ್ತಿದ್ದ. ಸೋಮವಾರ ಸಂಜೆ ಆರಾಮ ಕುರ್ಚಿಯಲ್ಲಿ ಕಣ್ಣು ಮುಚ್ಚಿದವನು ತೆರೆಯಲಿಲ್ಲ. ಮಂಗಳವಾರ ಬೆಳಿಗ್ಗೆ ಏಳಕ್ಕೆಲ್ಲ ಮೇಡಂ ದೊಡ್ಡದೊಂದು ಬಟ್ಟೆಚೀಲದ ಸಮೇತ ಹಾಜರು. ಸಾವಿಗೆ ಬಂದವರು ಅಷ್ಟು ದೊಡ್ಡ ಚೀಲವನ್ನು ಯಾಕೆ ತರುತ್ತಾರೆ?

ಮಗಳಿಗೆ ಮೇಡಂ ಮೇಲೆ ಅನುಮಾನ. ಅತ್ತೆಗೆ ಮಗಳ ಮೇಲೆ ಅನುಮಾನ. ಆದರೆ ಮಗಳನ್ನು ನಿಜವಾಗಿ ಕೊರೆಯುತ್ತಿದ್ದದ್ದು ಬಿಳಿ ಬಟ್ಟೆ ಹೊದ್ದು ಮಲಗಿದ್ದವನ ಮೇಲಿನ ಅನುಮಾನ. ಅಪ್ಪ ಇಷ್ಟು ವರ್ಷ ಊರಿನ ಕಿವಿಗೆ ಹೂ ಇಡುತ್ತಲೇ ಬಂದನೇ? ಪೆಟ್ಟಿಗೆಯಲ್ಲಿ ಕಾರ್ಡುಗಳೇ ಇಲ್ಲದಿದ್ದರೆ? ಅದನ್ನು ಬೇರೆಯವರಿಗಿಂತ ಮೊದಲು ತಾನು ತಿಳಿಯಬೇಕಿತ್ತು.

* * *

ಅವಳಿಗೆ ಆಗ ಒಂಬತ್ತು ವರ್ಷ. ಪಕ್ಕದ ಮನೆಯ ಟೈಲರ್ ತನ್ನ ಹೆಂಡತಿಯ ಹತ್ತಿರ ಹೊಸ ಅಂಗಡಿ ಹಳ್ಳ ಹಿಡಿಯಿತು ಎಂದು ಗೊಣಗುವುದನ್ನು ಕೇಳಿಕೊಂಡು ಬಂದಳು. ಅಂಗಡಿ ಇರುವುದು ಬಸ್ ಸ್ಟ್ಯಾಂಡಿನ ಎದುರು. ಅದು ಹಳ್ಳಕ್ಕೆ ಹೇಗೆ ಹೋಯಿತು ಎಂದು ಊಟಕ್ಕೆ ಕೂತಿದ್ದ ಅಪ್ಪನನ್ನು ಕೇಳಿದಳು.

ಅಪ್ಪ ತುತ್ತನ್ನು ಕೈಯಲ್ಲೇ ಹಿಡಿದು ಸೂರಿನ ಫ್ಯಾನಿನ ಕಡೆ ನೋಡಿದ. ಕರೆಂಟಿರಲಿಲ್ಲ, ನೋಡುವಂಥದ್ದೇನೂ ಅಲ್ಲಿರಲಿಲ್ಲ. ಆಮೇಲೆ ಹೇಳಿದ. ಹಿಂದೆ ಒಬ್ಬ ರಾಜ ಹೊಸ ರಸ್ತೆ ಮಾಡಿಸಲು ಹೊರಟನಂತೆ. ದಾರಿ ಗುರುತು ಮಾಡಬೇಕಿದ್ದ ಅಧಿಕಾರಿ ಶುದ್ಧ ಸೋಮಾರಿ. ಗುಡ್ಡ ಹತ್ತುವವರು ಯಾರು ಎಂದು ಇಳಿಜಾರಿನಲ್ಲೇ ನಡೆದು, ಹಳ್ಳದ ಗುಂಟ ಗೂಟ ಹೊಡೆಸುತ್ತ ಹೋದನಂತೆ. ಮೊದಲ ಮಳೆಗೆ ರಸ್ತೆಯೂ ಇಲ್ಲ, ಗೂಟವೂ ಇಲ್ಲ. ಕೆಲಸ ಎಲ್ಲಿಗೆ ಬಂತು ಎಂದು ರಾಜ ಕೇಳಿದರೆ ಮಂತ್ರಿ ತಲೆ ತಗ್ಗಿಸಿ ಅಂದನಂತೆ, ಹಳ್ಳ ಹಿಡಿಯಿತು ಪ್ರಭು.

ಅವಳು ಬಿದ್ದು ಬಿದ್ದು ನಕ್ಕಳು. ಆ ಬುಧವಾರ ಪತ್ರಿಕೆಯ ನಾಲ್ಕನೇ ಪುಟದ ಮೂಲೆಯಲ್ಲಿ ಅದೇ ಕಥೆ ಬಂತು. ಸೋಮಾರಿ ಅಧಿಕಾರಿಗೆ ಒಂದು ಹುದ್ದೆ, ರಸ್ತೆಗೆ ಇಷ್ಟು ಗಾವುದ ಎಂಬ ಉದ್ದ, ಎಲ್ಲಕ್ಕೂ ಮೊದಲು ‘ಬಲ್ಲವರು ಹೇಳುವಂತೆ’ ಎಂಬ ಎರಡು ಪದ.

“ಬಲ್ಲವರು ಅಂದ್ರೆ ಯಾರಪ್ಪ?”

“ಊಟ ಮಾಡು, ಆರುತ್ತೆ.”

ಅನುಮಾನ ಅವಳ ಹೊಟ್ಟೆಯೊಳಗೆ ಸೇರಿದ್ದು ಅವತ್ತು. ಈಗ ಅವಳು ಶಾಲೆಯಲ್ಲಿ ಟೀಚರ್. ಕಳೆದ ವರ್ಷ ಒಬ್ಬ ಹುಡುಗಿ ಪರೀಕ್ಷೆಯಲ್ಲಿ ಆ ಸೋಮಾರಿ ಅಧಿಕಾರಿಯ ಕಥೆಯನ್ನು ಅಚ್ಚುಕಟ್ಟಾಗಿ ಬರೆದಿದ್ದಳು. ಇವಳು ಕೆಂಪು ಪೆನ್ನು ಹಿಡಿದು ತುಂಬಾ ಹೊತ್ತು ಕೂತು, ಕೊನೆಗೆ ರೈಟ್ ಹಾಕಿದ್ದಳು. ಆ ರೈಟ್ ನೆನಪಾದಾಗಲೆಲ್ಲ ನಾಚಿಕೆಯಾಗುತ್ತಿತ್ತು.

* * *

ಚಿತಾಗಾರದಲ್ಲಿ ಇವರದು ಮೂರನೇ ಸರದಿ. ಕಾಯುವವರ ಕೋಣೆಯಲ್ಲಿ ಗೋಡೆಗೆ ಕಚ್ಚಿದ ಸಿಮೆಂಟ್ ಬೆಂಚುಗಳು, ಒಂದು ಗಡಿಯಾರ, ಸಂಖ್ಯೆ ತೋರಿಸುವ ಹಲಗೆ. ಪ್ರೆಸ್ಸಿನ ಫೋರ್‌ಮನ್ ಅಲ್ಲಿಗೂ ಪೆನ್ಸಿಲ್ಲು ಹಿಡಿದುಕೊಂಡೇ ಬಂದಿದ್ದ. ನಾಳೆ ಪತ್ರಿಕೆ ಬರಬೇಕು, ನಾಲ್ಕನೇ ಪುಟದ ಮೂಲೆ ಖಾಲಿ, ಈ ವಾರ ಅಲ್ಲಿ ಮೂಲಪ್ಪನವರ ಬಗ್ಗೆಯೇ ಹನ್ನೊಂದು ಸಾಲು ಹಾಕುತ್ತೇವೆ ಎಂದ. ಹುಟ್ಟು, ಓದು, ಕೆಲಸ, ಮದುವೆ, ಹೆಂಡತಿ ತೀರಿಕೊಂಡದ್ದು, ಮಗಳು, ನಿನ್ನೆಯ ಸಾವು, ಎಲ್ಲ ಸೇರಿ ಏಳು ಸಾಲಾಗಿತ್ತು. ಇನ್ನು ನಾಲ್ಕು ಸಾಲು ಬೇಕಿತ್ತು.

ಆಗಲೇ ಸಾಣೆ ಹಿಡಿಯುವವನು ಒಳಗೆ ಬಂದದ್ದು. ಮಾರ್ಕೆಟ್ಟಿನ ಹಿಂದೆ ಅವನದೊಂದು ಸಣ್ಣ ಅಂಗಡಿ. ಅಂಗಿಯ ತೋಳಿನ ತುಂಬ ಸಾಣೆಕಲ್ಲಿನ ಬೂದು ಪುಡಿ. ಅಪ್ಪನ ಕಾಲು ಮುಟ್ಟಿ ಬಂದು, ಮಗಳ ಎದುರು ಕೈಕಟ್ಟಿ ನಿಂತ. ಪೇಪರಿನ ಮೇಷ್ಟ್ರು ತನ್ನ ಅಂಗಡಿಗೆ ಬರುತ್ತಿದ್ದರು, ‘ಕತ್ತಿ ಮಸೆಯೋದು’ ಅನ್ನುವ ಮಾತಿನ ಮೂಲ ಅವರಿಗೆ ಸಿಕ್ಕಿದ್ದೇ ತನ್ನಿಂದ ಎಂದ. ಪಕ್ಕದ ಬೆಂಚಿನಲ್ಲಿದ್ದ ಮೇಡಂ ಚೀಲದಿಂದ ನೋಟ್‌ಬುಕ್ ತೆಗೆದು ಇತ್ತ ಸರಿದರು.

“ನಮ್ಮಜ್ಜ ಹೇಳ್ತಿದ್ದ. ಹಿಂದಿನ ಕಾಲದಲ್ಲಿ ಯಾರಾದ್ರೂ ಸಿಟ್ಟಲ್ಲಿ ಕತ್ತಿ ತಂದ್ರೆ, ಸಾಣೆಯವನು ಮಸೆದು ಕೊಡೋದೇನೋ ಕೊಡ್ತಿದ್ದ. ಆದ್ರೆ ಯಾರ ಮೇಲಪ್ಪ ಇದು ಅಂತ ಕೇಳಿಟ್ಕೊಂಡು, ಆ ಮನೆಗೆ ಹೋಗಿ ಹೇಳ್ಬೇಕಿತ್ತು. ನಿಮ್ಮ ಮೇಲೆ ಇಂಥವನು ಕತ್ತಿ ಮಸೀತಿದ್ದಾನೆ, ಹುಷಾರು ಅಂತ. ಮೂರು ದಿನದೊಳಗೆ ಹೇಳ್ದಿದ್ರೆ ಸಾಣೆಕಲ್ಲನ್ನೇ ಕಿತ್ಕೊಳ್ತಿದ್ರಂತೆ.”

ಮೇಡಂ ಅಜ್ಜನ ವಯಸ್ಸು, ತೀರಿಕೊಂಡ ವರ್ಷ ಎಲ್ಲ ಕೇಳಿ ಬರೆದುಕೊಂಡರು. ಕಾರ್ಡು ಸಿಗದಿದ್ದರೂ ಇಂಥ ನಾಲ್ಕು ಜನ ಸಿಕ್ಕರೆ ಸಾಕು, ಬಾಯಿಮಾತಿನ ಆಧಾರ ಎಂದು ಹಾಕಬಹುದು ಎಂದರು. ಅವರ ಮುಖ ಆ ದಿನ ಮೊದಲ ಸಲ ಅರಳಿತ್ತು.

ಮಗಳ ಮುಖ ಅರಳಲಿಲ್ಲ. ಮೂರು ದಿನ, ಸಾಣೆಕಲ್ಲು, ಹುಷಾರು. ಒಂದಕ್ಷರ ಹೆಚ್ಚುಕಮ್ಮಿ ಇಲ್ಲದೆ ಅಪ್ಪನ ಅಂಕಣವೇ. ಅಜ್ಜಂದಿರು ಅಷ್ಟು ಅಳತೆಯಾಗಿ ಮಾತಾಡುತ್ತಾರೆಯೇ?

“ಅಪ್ಪ ನಿಮ್ಮ ಹತ್ರ ಬಂದು ಕೇಳಿದ್ದು ಪೇಪರಲ್ಲಿ ಬರೋಕೆ ಮುಂಚೇನೋ, ಆಮೇಲೋ?”

ಸಾಣೆಯವನು ಸ್ವಲ್ಪ ಯೋಚಿಸಿದ. “ಮುಂಚೇನೇ ಇರ್ಬೇಕಮ್ಮ. ಇಲ್ದಿದ್ರೆ ಅವ್ರಿಗೆ ಹೇಗೆ ಗೊತ್ತಾಗುತ್ತೆ?”

ತಪ್ಪೇನೂ ಹುಡುಕಲಾಗದ ಉತ್ತರ. ಆದರೆ ಫೋರ್‌ಮನ್ ತಲೆ ತಗ್ಗಿಸಿ ಪೆನ್ಸಿಲ್ಲಿನ ತುದಿ ಕಚ್ಚುತ್ತ ನಗು ತಡೆದುಕೊಳ್ಳುತ್ತಿದ್ದದ್ದು ಅವಳ ಕಣ್ಣಿಗೆ ಬಿತ್ತು. ಅವನನ್ನು ಹೊರಗಿನ ನಲ್ಲಿಯ ಹತ್ತಿರ ಕರೆದುಕೊಂಡು ಹೋಗಿ, ಯಾಕೆ ನಕ್ಕಿರಿ ಎಂದು ನೇರವಾಗಿ ಕೇಳಿದಳು. ಏನೂ ಇಲ್ಲ ಎಂದ. ಅವಳು ಸರಿಯದೆ ನಿಂತಳು. ಟೀಚರ್‌ಗಳು ನಿಲ್ಲುವ ಆ ಬಗೆಗೆ ಅರವತ್ತರ ಫೋರ್‌ಮನ್ನೂ ಬಗ್ಗಿದ.

* * *

ಸೀಸದ ಅಚ್ಚುಮೊಳೆ ಜೋಡಿಸುತ್ತಿದ್ದ ಕಾಲ ಅದು. ಪುಟ ಕಟ್ಟಿ ಮುಗಿಯುತ್ತ ಬಂದಾಗ ನಾಲ್ಕನೇ ಪುಟದ ಜಾಹೀರಾತು ಕೈಕೊಟ್ಟಿತು. ಚೌಕಟ್ಟಿನ ಮೂಲೆಯಲ್ಲಿ ಹನ್ನೊಂದು ಸಾಲಿನಷ್ಟು ಗುಂಡಿ. ಪತ್ರಿಕೆಯ ಯಜಮಾನರು ತಲೆಯ ಮೇಲೆ ಕೈಹೊತ್ತು, ಬಿಳಿ ಜಾಗ ಬಿಟ್ಟರೆ ಈ ಪತ್ರಿಕೆಗೆ ಹೇಳಲು ಏನೂ ಇಲ್ಲ ಅಂದುಕೊಳ್ಳುತ್ತಾರೆ, ನಮ್ಮ ಕಥೆ ಹಳ್ಳ ಹಿಡಿಯಿತು ಎಂದು ಕೂಗಾಡಿದರು. ಕರಡು ತಿದ್ದುತ್ತಿದ್ದವನು ತಲೆ ಎತ್ತಿದ. ನಿನ್ನೆ ಮಗಳಿಗೆ ಒಂದು ಕಥೆ ಹೇಳಿದೆ, ಅದನ್ನೇ ಹಾಕೋಣವೇ ಎಂದ. ನಿಂತಲ್ಲೇ ಬರೆದುಕೊಟ್ಟ. ಮುಂದಿನ ವಾರ ಆರು ಜನ ಓದುಗರು ಕಾಗದ ಬರೆದು ಇನ್ನೊಂದು ಮಾತಿನ ಮೂಲ ಕೇಳಿದರು. ಯಜಮಾನರು ಆ ಗುಂಡಿಯನ್ನು ಖಾಯಂ ಮಾಡಿದರು.

* * *

“ಪ್ರತಿ ವಾರ ಹಾಗೇ ಕಣಮ್ಮ,” ಫೋರ್‌ಮನ್ ನಲ್ಲಿ ತಿರುಗಿಸಿ ಮುಖ ತೊಳೆದುಕೊಂಡ. “ಕಥೆ ಉದ್ದ ಆದ್ರೆ ರಾಜನ್ನ ತೆಗೀತಿದ್ವಿ. ಗಿಡ್ಡ ಆದ್ರೆ ಒಬ್ಬ ಮಂತ್ರೀನ ಸೇರಿಸ್ತಿದ್ವಿ. ಪೇಜು ತುಂಬ್ಬೇಕಿತ್ತಲ್ಲ.”

“ಮತ್ತೆ ಬಲ್ಲವರು?”

“ಬಲ್ಲವರು ಅಂದ್ರೆ ನಾವೇ. ನಾನು, ನಿಮ್ಮಪ್ಪ, ಬೈಂಡಿಂಗಿನವನು.”

ಅಪ್ಪ ಇಪ್ಪತ್ತೆರಡು ವರ್ಷ ರೈಲು ಬಿಟ್ಟಿದ್ದ. ಆ ರೈಲು ಹತ್ತಿ ಊರೆಲ್ಲ ಹೋಗಿತ್ತು, ಈಗ ನಿಘಂಟೂ ಹೊರಟು ನಿಂತಿತ್ತು. ಅವಳಿಗೆ ಕೋಪ ಬಂತು. ಒಳಗೆ ಸಂಖ್ಯೆಯ ಹಲಗೆ ಮೂರಕ್ಕೆ ತಿರುಗಿತ್ತು. ಕಬ್ಬಿಣದ ಬಾಗಿಲು ಮೇಲೆದ್ದು ಅಪ್ಪನನ್ನು ಒಳಗೆ ಕಳಿಸುವಾಗ, ಅವನ ಮುಖದಲ್ಲಿ ಸುಳ್ಳುಗಾರನ ಗುರುತೇನಾದರೂ ಇದೆಯೇ ಎಂದು ಅವಳು ನೋಡಿದಳು. ಮೂಗಿನ ಎಡಬದಿಯಲ್ಲಿ ಕನ್ನಡಕದ ಕಚ್ಚು ಮಾತ್ರ ಕಂಡಿತು. ಅಪ್ಪನ ಮೇಲೆ ಅನುಮಾನಪಡುತ್ತಲೇ ಅಪ್ಪನನ್ನು ಕಳಿಸಿಕೊಟ್ಟೆನಲ್ಲ ಎಂದುಕೊಂಡಳು.

ವಾಪಸು ಬರುವಾಗ ವ್ಯಾನಿನ ಹಿಂದಿನ ಸೀಟಿನಲ್ಲಿ ಅತ್ತೆ ಒತ್ತಿಕೊಂಡು ಕೂತಳು. ದಾರಿಯಲ್ಲಿ ಸೆರಗಿನ ಗಂಟು ಬಿಚ್ಚಿ ಒಂದು ಸಣ್ಣ ಕೀಲಿಯನ್ನು ತೆಗೆದು ತೋರಿಸಿದಳು.

“ನಿನ್ನೆನೇ ಅವನ ಜೇಬಿಂದ ತೆಗೆದಿಟ್ಟೆ. ಗುರುವಾರ ಗುರುವಾರ ನಿಮ್ಮಪ್ಪ ಎಲ್ಲಿಗೆ ಹೋಗ್ತಿದ್ದ ಗೊತ್ತೇನೆ ನಿಂಗೆ?”

ಗೊತ್ತಿರಲಿಲ್ಲ. ಬುಧವಾರ ಪತ್ರಿಕೆ ಹೊರಬಂದ ಮೇಲೆ ಗುರುವಾರ ಪ್ರೆಸ್ಸಿಗೆ ರಜೆ. ಅಪ್ಪ ಬೆಳಿಗ್ಗೆ ಇಸ್ತ್ರಿ ಅಂಗಿ ಹಾಕಿಕೊಂಡು ಹೊರಟರೆ ಬರುವುದು ಸಂಜೆಗೇ. ಎಲ್ಲಿಗೆಂದು ಅಮ್ಮ ಕೇಳಿದಾಗಲೂ ಹೇಳಿರಲಿಲ್ಲ.

“ನಿಮ್ಮಮ್ಮ ಕಣ್ಣೀರು ಹಾಕಿದ್ದು ನಾನು ನೋಡಿದೀನಿ. ಯಾವಳೋ ಇದ್ಲು ಕಣೇ. ಅದರಲ್ಲಿ ಅವಳ ಕಾಗದ ಇದ್ರೆ ನನ್ನೆದುರೇ ಸುಟ್ಟುಹಾಕ್ಬೇಕು. ಆ ಚೀಲದವಳ ಕೈಗೆ ಹೋಗಕೂಡದು.”

ಮನೆಗೆ ಬಂದ ಮೇಲೆ ಇಬ್ಬರೂ ಕೋಣೆಯ ಬಾಗಿಲು ಹಾಕಿಕೊಂಡರು. ಹೊರಗೆ ಮೇಡಂ ಕುರ್ಚಿಯಲ್ಲಿ, ಫೋರ್‌ಮನ್ ಜಗಲಿಯಲ್ಲಿ. ಮಗಳು ಪೆಟ್ಟಿಗೆಯನ್ನು ಮಂಚದ ಮೇಲೆ ಎತ್ತಿಟ್ಟಳು. ಕೀಲಿ ಒಂದೇ ಸಲಕ್ಕೆ ತಿರುಗಿತು.

ಪೆಟ್ಟಿಗೆಯ ತುಂಬ ಕಾರ್ಡು. ಪ್ರೆಸ್ಸಿನಲ್ಲಿ ಕತ್ತರಿಸಿ ಉಳಿದ ದಪ್ಪ ಕಾಗದದ ತುಂಡುಗಳು, ನೂರು ನೂರರ ಕಟ್ಟು ಕಟ್ಟಿ ಟ್ವೈನು ದಾರ ಸುತ್ತಿದ್ದವು. ಹನ್ನೊಂದು ಕಟ್ಟು. ಕರಡಿನ ಅಂಚಿನಲ್ಲಿ ಬರೆದು ಬರೆದು ರೂಢಿಯಾಗಿದ್ದ ಅಪ್ಪನ ಸಣ್ಣಕ್ಷರ. ಅವಳಿಗೆ ಆದ ಖುಷಿ ಅಷ್ಟಿಷ್ಟಲ್ಲ. ಫೋರ್‌ಮನ್ನಿಗೆ ಏನು ಗೊತ್ತು, ಅಪ್ಪ ಎಲ್ಲವನ್ನೂ ಕೇಳಿಯೇ ಬರೆದಿದ್ದಾನೆ ಎಂದುಕೊಳ್ಳುತ್ತ ‘ಕತ್ತಿ ಮಸೆ’ ಕಾರ್ಡನ್ನು ಹುಡುಕಿ ತೆಗೆದಳು.

ಮೇಲೆ ಅಂಕಣ ಅಚ್ಚಾದ ಬುಧವಾರದ ತಾರೀಕು. ಅದರ ಕೆಳಗೆ, ಮರುದಿನದ ತಾರೀಕು ಹಾಕಿ ಬರೆದಿತ್ತು: ‘ಸಾಣೆಯವನನ್ನು ಕೇಳಿದೆ. ಗೊತ್ತಿಲ್ಲ, ಅಂಥದ್ದೇನೂ ಕೇಳಿಲ್ಲ ಎಂದ. ಅವನಿಗೆ ಅಂಕಣ ಓದಿ ಹೇಳಿದ್ದು ನನ್ನ ತಪ್ಪು.’ ಎರಡು ವರ್ಷದ ನಂತರದ ಇನ್ನೊಂದು ಗುರುವಾರ: ‘ಮತ್ತೆ ಹೋದೆ. ಅಂಗಡಿಯ ಗೋಡೆಗೆ ನನ್ನ ಅಂಕಣ ಅಂಟಿಸಿದ್ದಾನೆ. ಅಜ್ಜ ಹೇಳಿದ್ದು ಎನ್ನುತ್ತಾನೆ. ಅವನ ಸಂತೋಷ ನೋಡಿ ಬಾಯಿ ಬರಲಿಲ್ಲ. ಸುಮ್ಮನೆ ಬಂದೆ.’ ಎಲ್ಲಕ್ಕೂ ಕೆಳಗೆ ಗೆರೆ ಎಳೆದು, ‘ಮೂಲ: ಗೊತ್ತಿಲ್ಲ.’

ಅವಳು ಇನ್ನೊಂದು ಕಾರ್ಡು ತೆಗೆದಳು, ಮತ್ತೊಂದು, ಮತ್ತೊಂದು ಕಟ್ಟಿನಿಂದ. ಬುಧವಾರ ಸುಳ್ಳು ಅಚ್ಚಾಗಿದೆ, ಗುರುವಾರ ಅದು ನಿಜವಾಗಿರಬಹುದೇ ಎಂದು ಕೇಳಲು ಅಪ್ಪ ಹೊರಟಿದ್ದಾನೆ. ಕುಂಬಾರರು, ತಕ್ಕಡಿ ರಿಪೇರಿಯವರು, ಕುಸ್ತಿ ಬಿಟ್ಟ ಮುದುಕರು, ಸೂಲಗಿತ್ತಿ, ದೋಣಿಯವರು. ಮೂಲ ಗೊತ್ತಿಲ್ಲ, ಗೊತ್ತಿಲ್ಲ, ಗೊತ್ತಿಲ್ಲ. ಸಾವಿರದ ನೂರು ಕಾರ್ಡು, ಒಂದೇ ಉತ್ತರ.

ಎಲ್ಲಕ್ಕಿಂತ ಹಳೆಯ ಕಟ್ಟಿನ ಮೊದಲನೆಯದು ‘ಹಳ್ಳ ಹಿಡಿ’. ಅದು ಒಂದು ಕಾರ್ಡಲ್ಲ. ಜಾಗ ಸಾಲದೆ ಆರು ತುಂಡುಗಳನ್ನು ಅಂಟಿಸಿ ಉದ್ದ ಮಾಡಿತ್ತು. ಮೊದಲ ಸಾಲು ಹೀಗಿತ್ತು: ‘ಮಗಳು ಕೇಳಿದಳು. ಗೊತ್ತಿಲ್ಲ ಎನ್ನಲು ನಾಚಿಕೆಯಾಯಿತು.’

ಅದರ ಕೆಳಗೆ ಇಪ್ಪತ್ತೆರಡು ವರ್ಷದ ಗುರುವಾರಗಳು. ಕೊನೆಯದು ಐದು ದಿನದ ಹಿಂದಿನದು, ಅಕ್ಷರ ನಡುಗಿದೆ: ‘ಹೊಳೆದಂಡೆಯಲ್ಲಿ ಮೀನು ಹಿಡಿಯುವವನನ್ನು ಕೇಳಿದೆ. ನನಗೆ ಗೊತ್ತಿಲ್ಲ ಸ್ವಾಮಿ ಎಂದ. ಪುಣ್ಯಾತ್ಮ.’

ಮಗಳು ಕಾರ್ಡನ್ನು ಮಡಿಲಲ್ಲಿಟ್ಟುಕೊಂಡು ಅತ್ತಳು. ಬೆಳಗಿನಿಂದ ಬಂದಿರದ ಅಳು ಅದು. ಅತ್ತೆ ಕಟ್ಟುಗಳ ಸಂದಿಯಲ್ಲಿ ಕೈಯಾಡಿಸಿ, ಪೆಟ್ಟಿಗೆಯ ತಳವನ್ನೂ ತಟ್ಟಿ ನೋಡಿದಳು.

“ಯಾವಳದ್ದೂ ಇಲ್ವಾ?”

“ಇಲ್ಲ ಅತ್ತೆ.”

ಅತ್ತೆಯ ಮುಖದಲ್ಲಿ ನೆಮ್ಮದಿಗಿಂತ ನಿರಾಸೆಯೇ ಹೆಚ್ಚಿತ್ತೇನೋ. ಇಪ್ಪತ್ತೆರಡು ವರ್ಷ ಸಾಕಿಕೊಂಡಿದ್ದ ಅನುಮಾನ ಹಾಗೆ ಕೈಬಿಟ್ಟು ಹೋಗುವುದೆಂದರೆ ಸುಲಭವಲ್ಲ.

ಬಾಗಿಲ ಹೊರಗೆ ಮೇಡಂ ಕೆಮ್ಮಿದರು. ಮಗಳಿಗೆ ಈಗ ಲೆಕ್ಕ ಸ್ಪಷ್ಟವಾಗಿತ್ತು. ಪೆಟ್ಟಿಗೆ ಸಿಗಲಿಲ್ಲ ಎಂದರೆ ಸಾಕು. ಸಾಣೆಯವನಂಥವರ ಬಾಯಿಮಾತು ಇದೆ; ಅಪ್ಪನ ಹೆಸರು ಅರವತ್ತೊಂದು ಕಡೆ ಅಚ್ಚಾಗುತ್ತದೆ, ಬದುಕಿನುದ್ದಕ್ಕೂ ಬೇರೆಯವರ ಹೆಸರಿನ ಕಾಗುಣಿತ ತಿದ್ದಿದವನ ಹೆಸರು. ಕಾರ್ಡು ಕೊಟ್ಟರೆ ಒಂದೂ ಉಳಿಯುವುದಿಲ್ಲ. ಪೆಟ್ಟಿಗೆಯನ್ನು ಮುಚ್ಚಿ ಮತ್ತೆ ಮಂಚದ ಕೆಳಗೆ ತಳ್ಳಲು ಅತ್ತೆ ಬಗ್ಗಿಯೂ ಆಗಿತ್ತು. ಮಗಳು ಅವಳ ಕೈ ಹಿಡಿದು ತಡೆದಳು. ಆರು ತುಂಡಿನ ಆ ಮೊದಲ ಕಾರ್ಡನ್ನು ಮಾತ್ರ ಸೆರಗಿನಲ್ಲಿ ಸೇರಿಸಿಕೊಂಡು, ಪೆಟ್ಟಿಗೆಯನ್ನು ಎತ್ತಿ ತಂದು ಮೇಡಂ ಎದುರು ಇಟ್ಟಳು.

ಮೇಡಂ ನಿಂತುಕೊಂಡೇ ನಾಲ್ಕು ಕಾರ್ಡು ಓದಿದರು. ಆಮೇಲೆ ಕೂತು ಇನ್ನೂ ಹತ್ತು ಓದಿದರು. ನೋಟ್‌ಬುಕ್ ತೆಗೆದು ಸಾಣೆಯವನ ಅಜ್ಜನ ಮೇಲೆ ಉದ್ದಕ್ಕೆ ಒಂದು ಗೆರೆ ಎಳೆದರು. ಮಗಳನ್ನು ನೋಡಿದಾಗ ಅವರ ಕಣ್ಣಿನಲ್ಲೂ ಅನುಮಾನವಿತ್ತು.

“ಇದನ್ನ ಕೊಡದೇ ಇದ್ದಿದ್ರೆ ನಮಗೆ ಗೊತ್ತೇ ಆಗ್ತಿರ್ಲಿಲ್ಲ. ಯಾಕೆ ಕೊಟ್ರಿ?”

“ಕಾರ್ಡು ಇವೆ ಅಂತ ಅವ್ರು ನಿಮಗೆ ಹೇಳಿದ್ರಲ್ಲ. ಇವೆ.”

ಮೇಡಂ ಕಟ್ಟುಗಳನ್ನು ಒಂದೊಂದಾಗಿ ಚೀಲಕ್ಕೆ ತುಂಬಿಕೊಂಡರು. ಚೀಲದ ಅಳತೆ ಸರಿಯಾಗಿಯೇ ಇತ್ತು.

ಜಗಲಿಯಲ್ಲಿ ಫೋರ್‌ಮನ್ ಅಷ್ಟರಲ್ಲಿ ಹನ್ನೊಂದು ಸಾಲು ಮುಗಿಸಿದ್ದ. ಕೊನೆಯ ನಾಲ್ಕು ಸಾಲಿನಲ್ಲಿ, ಬಲ್ಲವರು ಹೇಳುವಂತೆ, ಮೂಲಪ್ಪನವರು ಅರಮನೆಯ ಕಡತಗಳನ್ನೂ ತಾಮ್ರಪಟಗಳನ್ನೂ ಶೋಧಿಸಿ ಮಾತಿನ ಮೂಲ ಕಂಡುಹಿಡಿದ ಮಹನೀಯರಾಗಿದ್ದರು. ಮಗಳು ಬ್ಯಾಗಿನಿಂದ ಕೆಂಪು ಪೆನ್ನು ತೆಗೆದು ಆ ನಾಲ್ಕನ್ನೂ ಹೊಡೆದಳು.

“ಅಲ್ಲಿಗೇನು ಹಾಕ್ಲಮ್ಮ ಮತ್ತೆ?”

“ಏನೂ ಬೇಡ ಮಾಮ. ಹಾಗೇ ಬಿಡಿ.”

ಇಪ್ಪತ್ತೆರಡು ವರ್ಷದಲ್ಲಿ ಒಂದು ಸಾಲಿನ ಜಾಗವನ್ನೂ ಬಿಟ್ಟವರಲ್ಲ, ಯಜಮಾನರು ಸುಮ್ಮನಿರುವುದಿಲ್ಲ ಎಂದು ಅವನು ಗೊಣಗುತ್ತಲೇ ಹೋದ. ಸಂಜೆ ಐದೂವರೆಗೆ, ಪ್ರತಿ ಮಂಗಳವಾರದಂತೆ, ಪುಟದ ಕರಡು ಹಿಡಿದುಕೊಂಡು ಬಂದ. ಮಸಿಯಿನ್ನೂ ಪೂರಾ ಆರಿರಲಿಲ್ಲ.

“ಯಜಮಾನ್ರು ಏನಂದ್ರು?”

“ಅವ್ರು ಇನ್ನೂ ನೋಡಿಲ್ಲಮ್ಮ.”

ನಾಲ್ಕನೇ ಪುಟದ ಕೆಳಮೂಲೆಯಲ್ಲಿ ಏಳು ಸಾಲಿತ್ತು. ಮಗಳು ಒಂದೊಂದೇ ಪದದ ಮೇಲೆ ಪೆನ್ನಿನ ತುದಿಯಿಟ್ಟು ಓದಿದಳು, ತಪ್ಪು ಸಿಗಲಿಲ್ಲ. ಆಮೇಲೆ ಅತ್ತೆ ಹಾಳೆಯನ್ನು ಕಸಿದುಕೊಂಡು ಕಿಟಕಿಯ ಹತ್ತಿರ ಹೋದಳು. ಏಳನೇ ಸಾಲಿನ ಕೆಳಗಿನ ಬಿಳಿ ಜಾಗದ ಮೇಲೆ ಬೆರಳಾಡಿಸಿದಳು, ಉಗುರಿನಿಂದ ಮೆಲ್ಲಗೆ ಕೆರೆದಳು. ಕೊನೆಗೆ ಹಾಳೆಯನ್ನು ಮೇಲೆತ್ತಿ ಬೆಳಕಿಗೆ ಹಿಡಿದು, ಒಂದು ಕಣ್ಣು ಮುಚ್ಚಿ, ಅಲ್ಲಿ ಏನನ್ನು ಮುಚ್ಚಿಟ್ಟಿದ್ದಾರೆ ಎಂದು ನೋಡುತ್ತ ನಿಂತಳು.